ಸಂಕೇತ ಅಂದರೆ ಯಾರು?

ನಮ್ಮ ಮುಂಡಗೋಡದಲ್ಲಿ ನಾಲ್ಕು ಜನರ ನಡುವೆ ಗಂಡ ಹೆಂಡತಿ ಗುಟ್ಟು ಮಾತಾಡಬೇಕಾದರೆ ಎಲ್ಲರಿಗೂ ಒಂದೊಂದು ಅನುಕೂಲವಿದೆ, ನಮಗೆ ಮಾತ್ರ ಇಲ್ಲ. ಮಾಳಿಗೆಯ ಮೇಲೆ ಬಾಡಿಗೆಗಿರುವ ಮೋತಿಲಾಲ ಮತ್ತು ಅವನ ಹೆಂಡತಿ ರೀನಾ ನಮ್ಮೆದುರಿಗೇ ನಿಂತು ಲಂಬಾಣಿಯಲ್ಲಿ ನಮ್ಮ ಬಗ್ಗೆ ಏನು ಬೇಕಾದರೂ ಆಡಿಕೊಳ್ಳಬಹುದು. ಟಿಬೆಟಿಯನ್ ಕಾಲೊನಿಗೆ ಸ್ವೆಟರ್ ಕೊಳ್ಳಲು ಹೋದರೆ ಅಂಗಡಿಯಾಕೆ ನನ್ನ ಹೊಟ್ಟೆಯನ್ನು ನೋಡಿ ಒಳಗಿದ್ದ ಗಂಡನಿಗೆ ಅವರ ಭಾಷೆಯಲ್ಲಿ ಏನೋ ಹೇಳುತ್ತಾಳೆ, ಆತ ನಗುತ್ತಾ ದೊಡ್ಡದೊಂದು ಸ್ವೆಟರ್ ತರುತ್ತಾನೆ. ನಮ್ಮ ಜಿಲ್ಲೆಯದೇ ಗಡಿಯೂರಾದ ರಾಮನಗರದ ಕಡೆ ಹೋದರೆ ಮರಾಠಿ, ಕೊಂಕಣಿ. ನಾನೂ ನನ್ನ ಹೆಂಡತಿ ನಿರ್ಮಲಾಳೂ ಬಲ್ಲದ್ದು ಕನ್ನಡವೊಂದೇ. ಅದು ಇವರೆಲ್ಲರಿಗೂ ಚೆನ್ನಾಗಿ ಬರುತ್ತದೆ. ಹೈಸ್ಕೂಲಿನ ಕನ್ನಡ ಮಾಸ್ತರನಾಗಿ ನಾನು ಇದಕ್ಕೆ ಹೆಮ್ಮೆ ಪಡಬೇಕು. ಸಂಸಾರಸ್ಥನಾಗಿ ಪಡಲಾರೆ.

ಈ ಕೊರತೆಯಿಂದ ನನ್ನ ತಂಗಿಯ ಒಂದು ಸಂಬಂಧವೇ ಮುರಿದುಬಿದ್ದಿತ್ತು. ತಂಗಿ ವಿದ್ಯಾವತಿ ಇಲ್ಲಿಯ ಸಹಕಾರ ಸಂಘದಲ್ಲಿ ಗುಮಾಸ್ತೆ. ಅಪ್ಪ ಅವ್ವ ಹೋದಮೇಲೆ ಅವಳಿಗೆ ಗಂಡು ಹುಡುಕುವ ಹೊಣೆ ನನ್ನದು. ಕಳೆದ ಸಲ ಹುಬ್ಬಳ್ಳಿಯಿಂದ ಒಬ್ಬ ಹುಡುಗ ನೋಡಲು ಬಂದಿದ್ದ. ನಮ್ಮ ಅಡುಗೆಮನೆಗೂ ಪಡಸಾಲೆಗೂ ನಡುವೆ ತಟ್ಟೆ ದಾಟಿಸಲೆಂದು ಒಂದು ಕಿಟಕಿ ಇದೆ. (ಮನೆ ಕಟ್ಟುವಾಗ ನಿರ್ಮಲಾ ಹಟ ಹಿಡಿದು ಇಡಿಸಿದ್ದು.) ಒಳಗಿನಿಂದ ಅವಳು ವಿದ್ಯಾವತಿಯ ಕಿವಿಯಲ್ಲಿ, "ಮೊದಲ ಹಲ್ಲು ಒಳಗ ಬಂದವು ನೋಡ, ಆಮ್ಯಾಲೆ ಹುಡುಗ ಬಂದ" ಎಂದಳು. ಕಿವಿಯಲ್ಲಿ ಎಂದು ಅವಳು ಹೇಳುತ್ತಾಳೆ. ಪಡಸಾಲೆಯಲ್ಲಿ ಅದು ಅಕ್ಷರ ಅಕ್ಷರ ಕೇಳಿಸಿತು. ಹುಡುಗ ಬಾಯಿ ಮುಚ್ಚಿಕೊಂಡವನು ಹೊರಡುವವರೆಗೂ ತೆರೆಯಲಿಲ್ಲ.

ಆದ್ದರಿಂದ ಹಳಿಯಾಳದ ಸಂಬಂಧ ಬಂದಾಗ ನಾನು ಎರಡು ಸುಧಾರಣೆಗಳನ್ನು ತಂದೆ. ಕಿಟಕಿಗೆ ದಪ್ಪನೆಯ ಪರದೆ ಹಾಕಿಸಿದೆ. ಆಮೇಲೆ ಮನೆಮಂದಿಗಾಗಿ ಒಂದು ಗೂಢಭಾಷೆಯನ್ನು ರಚಿಸಿದೆ.

ಹೆಂಡತಿ ಮತ್ತು ತಂಗಿಯನ್ನು ಎದುರು ಕೂರಿಸಿಕೊಂಡು, "ಇನ್ನ ಮ್ಯಾಲೆ ಮಂದಿ ಮುಂದ ನಮ್ಮ ಅಭಿಪ್ರಾಯ ಸಂಕೇತದೊಳಗ ಇರಬೇಕು" ಎಂದೆ.

"ಕೋಡ್ ಅಂತೀರೇನು?" ಎಂದಳು ನಿರ್ಮಲಾ.

"ಕೋಡು ಎಮ್ಮಿಗೆ ಇರ್ತಾವ. ಇದಕ್ಕ ಸಂಕೇತ ಅಂತಾರ."

"ಸನ್ನೆ ಅಂದ್ರ ಆಗೂದಿಲ್ಲೇನು? ನಾಲಿಗಿಗೆ ಸಸಾರ ಆಗ್ತೈತಿ."

"ಸನ್ನೆ ಅಂದ್ರ ಕಣ್ಣು ಹೊಡದಂಗ ಆಗ್ತೈತಿ. ಅರ್ಥ ತಿಳಕೊಂಡು ಶಬ್ದ ಬಳಸಬೇಕು. ಸಂಕೇತ."

"ಆತು ಬಿಡ್ರಿ. ನಿಮ್ಮ ಸನ್ನೆ ಸೊನ್ನೆ ಆಗದಿದ್ರ ಸಾಕು."

ಅವಳ ಶ್ಲೇಷೆಯನ್ನು ಮನಸ್ಸಿನಲ್ಲೇ ಮೆಚ್ಚಿ, ಮೇಲೆ ಮುಖ ಗಂಟಿಕ್ಕಿ, ವಿಷಯಕ್ಕೆ ಬಂದೆ. ಹುಡುಗ ಹಿಡಿಸಿದರೆ ನಾನು ಪಡಸಾಲೆಯಿಂದ "ಚಹಾಕ್ಕ ಏಲಕ್ಕಿ ಹಾಕು" ಎನ್ನುವುದು. ಕೂಡಲೇ ನಿರ್ಮಲಾ ತುಪ್ಪ ಸುರಿಯುವ ಶಿರಾ ತಟ್ಟೆಗಳನ್ನು ಹೊರಗೆ ಕಳಿಸುವುದು. ಹಿಡಿಸದಿದ್ದರೆ "ಮೋಟಾರ್ ಬಂದ್ ಮಾಡ್ರಿ" ಎನ್ನುವುದು. ಆಗ ಶಿರಾ ಮುಚ್ಚಿಟ್ಟು, ಬರೀ ಚುರುಮುರಿ ಚಹಾ ಕೊಟ್ಟು, ಗೌರವಪೂರ್ವಕವಾಗಿ ಬೀಳ್ಕೊಡುವುದು.

"ಖರೇನ ಮೋಟಾರ್ ಬಂದ್ ಮಾಡೂದಿದ್ರ?" ಎಂದಳು ನಿರ್ಮಲಾ.

"ಅವತ್ತ ಮೋಟಾರ್ ಚಾಲೂನ ಮಾಡೂದಿಲ್ಲ."

ವಿದ್ಯಾವತಿ ನಡುವೆ ಬಾಯಿ ಹಾಕಿದಳು. "ಅಣ್ಣಾ, ಹುಡುಗ ನನಗ ಪಸಂದ ಬಂದ್ರ ಬಂದ ಅಂತೇನಿ, ಇಲ್ಲಂದ್ರ ಇಲ್ಲ ಅಂತೇನಿ. ನಡುವ ಏಲಕ್ಕಿ ಯಾಕ?"

"ನಿನಗ ಲೋಕವ್ಯವಹಾರ ಗೊತ್ತಿಲ್ಲ. ಸಂಕೇತ ಬಾಯಿಪಾಠ ಮಾಡು" ಎಂದೆ. ಅಲ್ಲಿಂದ ಅವರು ಬರುವ ದಿನದವರೆಗೆ ನಮ್ಮ ಮನೆಯಲ್ಲಿ ಊಟಕ್ಕೆ ಮೊದಲೂ ನಂತರವೂ ಸಂಕೇತದ ತಾಲೀಮು ನಡೆಯಿತು.

ಅವರು ಬಂದರು. ಹುಡುಗ ಲೋಕೇಶ, ಅವನ ತಂದೆ ಉಳವಪ್ಪ, ತಾಯಿ ತಾಯವ್ವ. ಉಳವಪ್ಪನವರು ಅಗಲ ಹೆಗಲಿನ, ಗಟ್ಟಿ ಧ್ವನಿಯ ಮನುಷ್ಯ. ತಾಯವ್ವನವರು ಕಡಿಮೆ ಮಾತಿನವರು, ಆದರೆ ಕಿವಿ ಬಹಳ ಚುರುಕು. ಲೋಕೇಶ ತಲೆ ಬಗ್ಗಿಸಿ ಕುಳಿತ. ಹಲ್ಲುಗಳು ಅಳತೆಯಲ್ಲಿದ್ದವು. ನನಗೆ ನೋಡಿದ ಕೂಡಲೇ ಹಿಡಿಸಿತು. ಏಲಕ್ಕಿ ಎನ್ನಲು ಬಾಯಿ ತೆರೆದವನು, ಇಷ್ಟು ಬೇಗ ಅಂದರೆ ನಮ್ಮ ಅವಸರ ಕಾಣುತ್ತದೆಂದು ತಡೆದು, "ಅಂಗಡಿ ಹೆಂಗ ನಡದೈತ್ರಿ ಯಜಮಾನರ?" ಎಂದು ಕೇಳಿದೆ.

ಹುಡುಗನದು ಹಾರ್ಡ್‌ವೇರ್ ಅಂಗಡಿ ಎಂದಷ್ಟೇ ಮಧ್ಯಸ್ಥರು ಹೇಳಿದ್ದರು. ಆ ಹಾರ್ಡ್‌ವೇರಿನಲ್ಲಿ ಮುಕ್ಕಾಲು ಪಾಲು ಪಂಪ್‌ಸೆಟ್ಟುಗಳೆಂದು ಹೇಳಿರಲಿಲ್ಲ.

"ಛಲೋ ನಡದೈತಿ ಮಾಸ್ತರ" ಎಂದರು ಉಳವಪ್ಪ. "ನಮ್ಮ ಹುಡುಗಗ ಮೋಟಾರ್ ಅಂದ್ರ ಜೀವ. ಯಾವ ಮೋಟಾರ್ ಆಗ್ಲಿ, ಸಪ್ಪಳ ಕೇಳಿ ರೋಗ ಹೇಳ್ತಾನ."

ಪರದೆಯ ಹಿಂದೆ ಒಂದು ಪಾತ್ರೆ ಠಣ್ ಎಂದಿತು. ನಾನು ಗಾಬರಿಯಾಗಿ, "ಈ ಸಲ ಮುಂಡಗೋಡದ ಕಡೆ ಬತ್ತ ಛಲೋ ಐತ್ರಿ" ಎಂದೆ.

"ಇರದ ಏನ್ರಿ, ಎಲ್ಲಾರೂ ಮೋಟಾರ್ ಇಟ್ಟಾರ" ಎಂದರು ಅವರು.

ಅದೇ ಹೊತ್ತಿಗೆ ಮಾಳಿಗೆಯ ಮೋತಿಲಾಲನಿಗೆ ಸ್ನಾನದ ನೆನಪಾಯಿತು. ಟ್ಯಾಂಕಿನಲ್ಲಿ ನೀರಿರಲಿಲ್ಲ. ಸ್ವಿಚ್ಚು ನಮ್ಮ ಹಿತ್ತಲಲ್ಲಿದೆ. ಅವನು ಹಿಂದಿನ ಮೆಟ್ಟಿಲಿಳಿದು ಬಂದು ಮೋಟಾರ್ ಹಾಕಿ, ಸ್ನಾನ ಮುಗಿಸಿ, ಅದನ್ನು ಮರೆತು ಹಾಡುತ್ತಾ ಸಂತೆಗೆ ಹೋದ. ವಿದ್ಯಾವತಿ ಚಹಾ ತಂದು, ಎಲ್ಲರಿಗೂ ಕೊಟ್ಟು, ಕೇಳಿದ್ದಕ್ಕೆ ಉತ್ತರ ಹೇಳಿ ಒಳಗೆ ಹೋಗುವಷ್ಟರಲ್ಲಿ ಟ್ಯಾಂಕು ತುಂಬಿ, ಹಿತ್ತಲ ಕಡೆಯ ಕಿಟಕಿಯಾಚೆ ನೀರು ಧಾರೆ ಕಟ್ಟಿ ಸುರಿಯತೊಡಗಿತು. ಎಲ್ಲರೂ ನೋಡಿದರು. ನಾನೂ ನೋಡಿದೆ. ಮನೆಯ ಯಜಮಾನನಾಗಿ ನಾನು ಹೇಳಬೇಕಾದ ಮಾತು ಒಂದೇ ಒಂದಿತ್ತು. ಅದನ್ನು ಹೇಳಿದರೆ ತಂಗಿಯ ಮದುವೆ ನಿಲ್ಲುತ್ತಿತ್ತು.

"ಮಳಿ ಅನಸ್ತೈತಿ" ಎಂದೆ.

ಹೊರಗೆ ರಣಬಿಸಿಲು. ಉಳವಪ್ಪನವರು ನನ್ನನ್ನೊಮ್ಮೆ, ಬಿಸಿಲನ್ನೊಮ್ಮೆ ನೋಡಿ, ತಮ್ಮ ಗಟ್ಟಿ ಧ್ವನಿಯಲ್ಲಿ, "ಮಳಿ ಅಲ್ರಿ ಮಾಸ್ತರ, ಟಾಕಿ ತುಂಬೇತಿ. ಮೋಟಾರ್ ಬಂದ್ ಮಾಡ್ರಿ" ಎಂದರು.

ಪರದೆ ಸರಿಯಿತು. ನಿರ್ಮಲಾಳ ಕೈ ಹೊರಬಂದು, ಆಗಷ್ಟೇ ಅಂಚಿಗೆ ತಂದಿಟ್ಟಿದ್ದ ಶಿರಾ ತಟ್ಟೆಗಳನ್ನು ಒಂದೊಂದಾಗಿ ಒಳಗೆಳೆದುಕೊಂಡಿತು. ತುಪ್ಪದ ವಾಸನೆ ಬೀಗರ ಮೂಗಿನ ತನಕ ಬಂದು ಹಿಂದಿರುಗಿತು.

"ನಾ ನೋಡಿ ಬರ್ತೇನಿ" ಎಂದು ಲೋಕೇಶ ಎದ್ದು ಹಿತ್ತಲಿಗೆ ಹೋದ. ನಾನು "ಒಂದ ನಿಮಿಷ್ರಿ" ಎಂದು ಅಡುಗೆಮನೆಗೆ ನುಗ್ಗಿದೆ.

"ಶಿರಾ ಯಾಕ ಒಳಗ ಒಯ್ದಿ?"

"ಮೋಟಾರ್ ಬಂದ್ ಅಂದ್ರಲ್ಲ."

"ಅಂದವರು ಅವರು. ನಾನಲ್ಲ."

"ಯಾರು ಅಂದ್ರ ಲೆಕ್ಕ, ಯಾರು ಅಂದ್ರ ಲೆಕ್ಕಿಲ್ಲ ಅಂತ ನೀವೇನು ಹೇಳಿದ್ದಿಲ್ಲ. ಸಂಕೇತ ಅಂದ್ರ ಸಂಕೇತ."

"ಹಂಗಾದ್ರ ವಿದ್ಯಾಗ ಹೇಳು, ಇವತ್ತಿನಿಂದ ಸಂಕೇತ ಮರ್ತಬಿಡು ಅಂತ. ಇಲ್ಲಂದ್ರ ಈ ಮದುವಿ ಆಗೂದಿಲ್ಲ."

"ಹಗಲೂ ರಾತ್ರಿ ಸಂಕೇತ ಸಂಕೇತ ಅಂತ ಆಕಿ ತಲ್ಯಾಗ ತುಂಬಿದವರು ನೀವ. ಈಗ ಒಮ್ಮೆಲೆ ಮರಿ ಅಂದ್ರ ಆಕಿ ಹೆಂಗ ಮರೀಬೇಕ್ರಿ?"

"ಮರೀಲೇಬೇಕು. ಲಗ್ನ ಆದಮ್ಯಾಲೆ ಬೇಕಾದ್ರ ನೆನಸ್ಕೊಳ್ಳಲಿ."

ಪರದೆ ಕಣ್ಣಿಗೆ ಅಡ್ಡ, ಕಿವಿಗಲ್ಲ ಎಂಬ ಸತ್ಯ ನನಗೆ ಹೊಳೆದದ್ದು ಆಮೇಲೆ. ಇಲ್ಲಿ ವ್ಯಾಕರಣದ ಒಂದು ಸೂಕ್ಷ್ಮವನ್ನೂ ಹೇಳಬೇಕು. ಅಚ್ಚಿನ ಕನ್ನಡದಲ್ಲಿ 'ಸಂಕೇತವನ್ನು' ಎಂದರೆ ವಸ್ತು, 'ಸಂಕೇತನನ್ನು' ಎಂದರೆ ಗಂಡಸು. ನಮ್ಮ ಕಡೆ ಮಾತಾಡುವಾಗ ಆ ವಿಭಕ್ತಿಯನ್ನು ನುಂಗಿ ನೀರು ಕುಡಿಯುತ್ತೇವೆ. ಹೀಗಾಗಿ ನಾನು ಪಡಸಾಲೆಗೆ ಬಂದಾಗ ತಾಯವ್ವನವರು ಸೆರಗು ಸರಿಪಡಿಸಿಕೊಂಡು ನೆಟ್ಟಗೆ ಕುಳಿತಿದ್ದರು.

"ಮಾಸ್ತರ, ಸಂಕೇತ ಅಂದ್ರ ಯಾರು?"

"ಯಾರೂ ಅಲ್ರಿ ಅವ್ವಾರ. ಅದು ಒಂದು ಶಬ್ದ."

"ನಮ್ಮ ಓಣ್ಯಾಗೂ ಒಬ್ಬ ಸಂಕೇತ ಅದಾನ. ಬ್ಯಾಂಕಿನವರ ಮಗ. ಅವಗ ಶಬ್ದ ಅಂತ ಯಾರೂ ಅನ್ನೂದಿಲ್ಲ."

"ಹೆಸರಲ್ರಿ. ಸಂಕೇತ ಅಂದ್ರ ಗುಟ್ಟು. ನಾವು ನಾವು ಒಳಗ ಗೊತ್ತು ಮಾಡ್ಕೊಂಡಿದ್ದು."

"ಗುಟ್ಟು ಅಂತ ತಿಳೀತ್ರಿ. ಮದುವಿ ಆದಮ್ಯಾಲೆ ನೆನಸ್ಕೊಳ್ಳೂ ಅಂಥಾ ಗುಟ್ಟು."

ಇಂಥ ಆಪತ್ತಿನಲ್ಲಿ ಬೇರೆಯವರು ದೇವರನ್ನು ನೆನೆಯುತ್ತಾರೆ. ನಾನು ನಿಘಂಟನ್ನು ನೆನೆದೆ. ಕಪಾಟಿನಿಂದ ಆ ಹೊರಲಾರದ ಸಂಪುಟವನ್ನು ಎರಡೂ ಕೈಯಲ್ಲಿ ತಂದು, ಪುಟ ತೆಗೆದು, ನಾನು ಓದಿದರೆ ನಂಬಲಿಕ್ಕಿಲ್ಲವೆಂದು ಉಳವಪ್ಪನವರ ತೊಡೆಯ ಮೇಲಿಟ್ಟೆ. "ನೀವ ಓದ್ರಿ ಯಜಮಾನರ. ಎಲ್ಲಾ ಬರದೈತಿ."

ಅವರು ಕನ್ನಡಕ ಏರಿಸಿ, ಸಾಲಿನ ಕೆಳಗೆ ಬೆರಳಿಟ್ಟು, ಓಣಿಗೆಲ್ಲ ಕೇಳುವಂತೆ ಓದಿದರು. "ಸಂಕೇತ. ಒಂದು, ಗುರುತು, ಚಿಹ್ನೆ."

"ನೋಡ್ರಿ" ಎಂದೆ ನಾನು.

"ಎರಡು, ಕೆಲವರು ತಮ್ಮೊಳಗೇ ಗೊತ್ತುಪಡಿಸಿಕೊಂಡ ಗುಪ್ತ ಮಾತು."

"ಅದ್ರಿ, ಅದ ನೋಡ್ರಿ. ಸಾಕು, ಪುಸ್ತಕ ಮುಚ್ಚರಿ."

"ಇನ್ನೊಂದೈತಿ" ಎಂದ ಉಳವಪ್ಪ ಬೆರಳನ್ನು ಕೆಳಗಿಳಿಸಿದರು. "ಮೂರು, ಪ್ರಿಯನೂ ಪ್ರೇಯಸಿಯೂ ಯಾರಿಗೂ ತಿಳಿಯದಂತೆ ಕೂಡಲು ಗೊತ್ತುಮಾಡಿಕೊಂಡ ಜಾಗ."

ಈ ಮೂರನೆಯ ಅರ್ಥವನ್ನು ನಾನೇ ತರಗತಿಯಲ್ಲಿ ಎಷ್ಟೋ ಸಲ, ಮಕ್ಕಳು ಮುಸಿಮುಸಿ ನಗುವಾಗ, ಹೇಳಿದ್ದೇನೆ. ಅಂದು ಅದು ನೆನಪಿಗೆ ಬಂದಿರಲಿಲ್ಲ. ಹೊರಗಿನ ನೀರಿನ ಸಪ್ಪಳ ನಿಂತಿತ್ತು. ತಾಯವ್ವನವರು ಚೀಲವನ್ನು ಕೈಗೆ ತೆಗೆದುಕೊಂಡರು.

ಆಗ ಹಿತ್ತಲ ಬಾಗಿಲಿನಿಂದ ಲೋಕೇಶ ಒಳಗೆ ಬಂದ. ತಲೆಯಿಂದ ಕಾಲಿನವರೆಗೆ ತೊಯ್ದಿದ್ದ. ಅವನ ಬೆನ್ನಿಗೇ ವಿದ್ಯಾವತಿ ಬಂದಳು. ಅವಳ ಸೀರೆಯೂ ತೊಯ್ದು ನೀರು ತೊಟ್ಟಿಕ್ಕುತ್ತಿತ್ತು. ಇಬ್ಬರ ಮುಖದಲ್ಲೂ ನಗು ಇನ್ನೂ ಆರಿರಲಿಲ್ಲ. ನೀರು ನೋಡಿ ಅವಳು ಒಳಗಿನಿಂದಲೇ ಹಿತ್ತಲಿಗೆ ಓಡಿದ್ದಳಂತೆ. ಉಳವಪ್ಪನವರ ಬೆರಳು ಮೂರನೆಯ ಅರ್ಥದ ಮೇಲೇ ಇತ್ತು. ತಾಯವ್ವನವರು ಆ ಬೆರಳನ್ನು ನೋಡಿದರು, ಮಗನನ್ನು ನೋಡಿದರು, ಚೀಲವನ್ನು ಕೆಳಗಿಟ್ಟರು.

"ಮೋಟಾರ್ ಬಂದ್ ಮಾಡಿ ಬಂದ್ವಿ" ಎಂದಳು ವಿದ್ಯಾವತಿ.

ಪರದೆಯ ಹಿಂದಿನಿಂದ ನಿರ್ಮಲಾ, "ಅಯ್ಯ ನಮ್ಮವ್ವ, ನೀನೂ ಬ್ಯಾಡ ಅಂದೇನ?" ಎಂದು ನಿಟ್ಟುಸಿರಿಟ್ಟಳು.

"ವೈನೀ, ನಾ ಖರೇ ಮೋಟಾರ್ ಅಂದೆ" ಎಂದ ವಿದ್ಯಾವತಿ ನೇರ ತಾಯವ್ವನವರ ಎದುರು ಹೋಗಿ ಕುಳಿತಳು. "ಅವ್ವಾರ, ಸಂಕೇತ ಅನ್ನೂ ಹುಡುಗ ಯಾರೂ ಇಲ್ಲ. ಹುಡುಗ ಪಸಂದ ಬಂದ್ರ ಏಲಕ್ಕಿ ಅನಬೇಕು, ಬರಲಿಲ್ಲಂದ್ರ ಮೋಟಾರ್ ಬಂದ್ ಅನಬೇಕು ಅಂತ ನಮ್ಮಣ್ಣ ಗೊತ್ತು ಮಾಡಿದ್ದ. ಅದಕ್ಕ ಅವ ಸಂಕೇತ ಅಂತಾನ. ನಿಮ್ಮ ಯಜಮಾನರು ಮೋಟಾರ್ ಬಂದ್ ಅಂದ್ರು, ನಮ್ಮ ವೈನಿ ಶಿರಾ ಮುಚ್ಚಿಟ್ಟಳು. ಇಷ್ಟ ಆಗಿದ್ದು. ನನಗ ಇವರು ಪಸಂದ ಅದಾರ. ಇವರನ್ನ ಕೇಳ್ರಿ."

ಎಲ್ಲರೂ ಲೋಕೇಶನ ಕಡೆ ನೋಡಿದರು. ಅವನು ಅಂಗಿಯ ತೋಳು ಹಿಂಡುತ್ತಾ, "ನಾ ಹಿತ್ತಲದಾಗ ಆಗಲೇ ಹೇಳೇನಿ" ಎಂದ.

ತಾಯವ್ವನವರು ಬಹಳ ಹೊತ್ತು ನನ್ನನ್ನೇ ದಿಟ್ಟಿಸಿದರು. ಮಕ್ಕಳಿಗೆ ಪಾಠ ಹೇಳುವವನು ಇವನೇ ಹೌದೇ ಎಂದು ನೋಡುವ ಹಾಗಿತ್ತು. ಕೊನೆಗೆ ಪರದೆಯ ಕಡೆ ತಿರುಗಿ, "ಶಿರಾ ಇನ್ನೂ ಐತೇನವಾ?" ಎಂದರು.

"ಐತ್ರಿ" ಎಂದಿತು ಪರದೆ.

"ತಗೊಂಡ ಬಾ. ಇನ್ನ ಮ್ಯಾಲಿನ ಮಾತೆಲ್ಲಾ ನಿನ್ನ ಕೂಡ."

ಹೀಗೆ ಸಂಬಂಧ ಕೂಡಿತು. ಮುಂದಿನ ಮಾತುಕತೆಗೆ ನಾವು ಹಳಿಯಾಳಕ್ಕೆ ಹೋದೆವು. ಅವರ ಮನೆತುಂಬ ಹಿರಿಯರು, ಬೀಗರು. ನಿರ್ಮಲಾ ನಡುವೆ ಕುಳಿತು ತಾಯವ್ವನವರ ಜೊತೆ ತಿಥಿ, ಸೀರೆ, ಊಟ ಎಲ್ಲವನ್ನೂ ಸರಸರ ಗೊತ್ತುಮಾಡುತ್ತಿದ್ದಳು. ನನ್ನನ್ನು ಒಂದು ಮೂಲೆಯ ಕುರ್ಚಿಗೆ ಕಳಿಸಿದ್ದರು. ಬಿಸಿಲಲ್ಲಿ ಬಂದ ನನಗೆ ಗಂಟಲು ಒಣಗಿತ್ತು.

"ಒಂದೀಟು ನೀರು ಕೊಡ್ರಿ" ಎಂದೆ.

ಇಡೀ ಪಡಸಾಲೆ ನನ್ನತ್ತ ತಿರುಗಿತು. ಉಳವಪ್ಪನವರು ಪಕ್ಕದವರ ಕಿವಿಯಲ್ಲಿ ಏನೋ ಹೇಳಿದರು, ಅವರು ಮತ್ತೊಬ್ಬರಿಗೆ ಹೇಳಿದರು. ಆಮೇಲೆ ಉಳವಪ್ಪ ಕುರ್ಚಿಯನ್ನು ಮುಂದೆಳೆದುಕೊಂಡು, ಬಹಳ ಗಂಭೀರವಾಗಿ, "ನೀರು ಅಂದ್ರ ಏನ್ರಿ ಮಾಸ್ತರ? ತಿಥಿ ಒಪ್ಪಿಗಿ ಅಂತೋ, ಒಪ್ಪಿಗಿಲ್ಲ ಅಂತೋ?" ಎಂದು ಕೇಳಿದರು.

"ನೀರು ಅಂದ್ರ ನೀರ್ರಿ. ಕುಡಿಯೂ ನೀರು."

"ಕುಡಿಯೂ ನೀರು" ಎಂದು ಅವರು ಮೆಲ್ಲನೆ ಪುನರುಚ್ಚರಿಸಿ ಯೋಚನೆಗೆ ಬಿದ್ದರು.

ನಾನು ದೀನನಾಗಿ ಹೆಂಡತಿಯ ಕಡೆ ನೋಡಿದೆ. ಅವಳು ತಾಯವ್ವನವರತ್ತ ವಾಲಿ, "ಅದಕ್ಕ ಅರ್ಥ ಏನೂ ಇಲ್ರಿ ಅವ್ವಾರ. ಅವರು ಸುಮ್ಮನ ಹಂಗ ಮಾತಾಡ್ತಿರ್ತಾರ. ನೀವು ಸೀರಿದು ಹೇಳ್ರಿ" ಎಂದಳು.

ಮುಂಡಗೋಡದ ಬಸ್ಸು ಹತ್ತುವವರೆಗೆ ನನಗೆ ಹನಿ ನೀರು ಸಿಗಲಿಲ್ಲ.