ದುರ್ಗಯ್ಯನ ಲಾರಿಯ ಮಾನ

ಮಾಯಸಂದ್ರದ ದುರ್ಗಯ್ಯ ಅವತ್ತು ಲಾರಿಗೆ ಒಂದು ಸಲ ಪೊರಕೆ ಆಡಿಸಿದ್ದರೆ ಇಷ್ಟೆಲ್ಲ ರಾದ್ಧಾಂತವಾಗುತ್ತಿರಲಿಲ್ಲ. ಪಕ್ಕದ ಮನೆಯ ರಂಗಕ್ಕ ಕೊಟ್ಟಿಗೆ ಕಟ್ಟಿಸುತ್ತಿದ್ದಳು. ಅವಳ ಕಾಟ ತಾಳಲಾರದೆ ಶಿಂಷಾ ಹೊಳೆಯಿಂದ ಒಂದು ಲೋಡು ಮರಳು ತಂದು ಅವಳ ಬಾಗಿಲಿಗೆ ಸುರಿದಿದ್ದ. ಪರ್ಮಿಟ್ಟು ಇರಲಿಲ್ಲ. ಮಾರನೆಯ ಬೆಳಗ್ಗೆ ತಿಪಟೂರಿಗೆ ಕೊಬ್ಬರಿ ಸಾಗಿಸಲು ಹೊರಟಾಗ, ಲಾರಿಯ ಮೂಲೆಯಲ್ಲಿ ಉಳಿದಿದ್ದ ಎರಡು ಮಂಕರಿ ಮರಳು ಪೊಲೀಸರ ಕಣ್ಣಿಗೆ ಬಿತ್ತು. ಲಾರಿ ಜಪ್ತಿಯಾಗಿ ತುರುವೇಕೆರೆ ಠಾಣೆಯ ಹುಣಸೆಮರದಡಿ ನಿಂತಿತು.

ಒಂಬತ್ತು ದಿನ ದುರ್ಗಯ್ಯ ಎತ್ತು ಕಳೆದುಕೊಂಡವನಂತೆ ಬೀದಿ ಸುತ್ತಿದ. "ನನ್ ಮಕ ನೋಡಿದ್ಕಿಂತ ಅದ್ರ ಮೂತಿ ಒರ್ಸಿದ್ದೇ ಜಾಸ್ತಿ ಕಣವ್ವ," ಎಂದು ಹೆಂಡತಿ ಭೈರಮ್ಮ ರಂಗಕ್ಕನ ಹತ್ತಿರ ಹೇಳಿಕೊಂಡಳು.

ಹತ್ತನೆಯ ದಿನ ತುರುವೇಕೆರೆ ಕೋರ್ಟಿನಲ್ಲಿ ವಿಚಾರಣೆ. ವಕೀಲ ಮಲ್ಲಿಕಾರ್ಜುನಯ್ಯ ಅವನನ್ನು ಬೇವಿನಮರದ ಕೆಳಗೆ ಕರೆದು ಗುಟ್ಟಾಗಿ ಹೇಳಿದರು. "ನೋಡಪ್ಪ, ನೀನು ಮರಳು ಹೊಡೀಲಿಲ್ಲ ಅಂತ ತೋರಿಸೋದು ಕಷ್ಟ. ಆ ಲಾರಿ ಮರಳು ಹೊರೋಕೇ ಲಾಯಕ್ಕಿಲ್ಲ ಅಂತ ತೋರಿಸೋದು ಸುಲಭ."

"ಯಾವ ಲಾರಿ ಸ್ವಾಮಿ?"

"ನಿಂದೇ ಕಣಯ್ಯ. ಆ ಎರಡು ಮಂಕರಿ, ಗಾಡಿ ಕೆಸರಲ್ಲಿ ಹೂತಾಗ ಚಕ್ರಕ್ಕೆ ಹಾಕೋಕೆ ಇಟ್ಕೊಂಡಿದ್ದು. ತಿಳೀತಾ? ಮಿಕ್ಕಿದ್ದು ಸಾಕ್ಷಿಗಳು ನೋಡ್ಕೋತಾರೆ."

ಮೊದಲ ಸಾಕ್ಷಿ, ಮೆಕ್ಯಾನಿಕ್ ಮುನಾವರ್. ಇಪ್ಪತ್ತು ವರ್ಷದ ಸ್ನೇಹಿತ. ಗೆಳೆಯನಿಗೆ ಉಪಕಾರ ಮಾಡುವ ಹುರುಪಿನಲ್ಲಿ ಕಟಕಟೆ ಹತ್ತಿದ.

"ಇಂಜಿನ್ನಿಗೆ ದಮ್ಮು ಸಾಬ್. ಖಾಲಿ ಇದ್ರೂನೂ ಏದುಸಿರು ಬಿಡ್ತದೆ."

"ಬ್ರೇಕು?" ವಕೀಲರು ಕೇಳಿದರು.

"ಇದೆ ಸಾಬ್. ಹಿಡಿಯಲ್ಲ, ಅಷ್ಟೇ."

ಕೋರ್ಟು ಗೊಳ್ಳೆಂದಿತು. ದುರ್ಗಯ್ಯ ಹಲ್ಲು ಕಚ್ಚಿಕೊಂಡ. ಹೋದ ತಿಂಗಳಷ್ಟೇ ಅದೇ ಮುನಾವರ್ ಆ ಬ್ರೇಕಿಗೆ ಹೊಸ ಲೈನರ್ ಹಾಕಿದ್ದ.

ರಂಗಕ್ಕನನ್ನು ಯಾರೂ ಕರೆದಿರಲಿಲ್ಲ. ತನ್ನ ಬಾಗಿಲ ಮರಳಿನ ಗುಡ್ಡೆ ಎಲ್ಲಿ ಮಾತಿಗೆ ಬರುತ್ತದೋ ಎಂಬ ದಿಗಿಲಿಗೆ ತಾನಾಗಿಯೇ ಎದ್ದು ಬಂದಳು. "ಸ್ವಾಮಿ, ಒಂದಿನ ನಮ್ಮೆಮ್ಮೆ, ಈ ಲಾರಿ ಎಲ್ಡೂ ಒಟ್ಗೇ ಕೆರೆ ಏರಿಯಿಂದ ಹೊಂಟ್ವು. ಎಮ್ಮೆ ಮನೆಗ್ ಬಂದು, ಕಲಗಚ್ಚು ಕುಡ್ದು, ಹಾಲೂ ಕರೆಸ್ಕಂತು. ಲಾರಿ ಇನ್ನೂ ಬತ್ತಾನೇ ಇತ್ತು!"

ಈ ಸಲ ಬೆಂಚ್ ಗುಮಾಸ್ತರೂ ನಕ್ಕರು. ದುರ್ಗಯ್ಯನ ಕಿವಿ ಬ್ಯಾಡಗಿ ಮೆಣಸಿನಕಾಯಿಯಾಯಿತು. ಭೈರಮ್ಮ ಅವನ ಪಂಚೆಯ ತುದಿ ಹಿಡಿದು ಜಗ್ಗುತ್ತಲೇ ಇದ್ದಳು.

ಮ್ಯಾಜಿಸ್ಟ್ರೇಟರು ಕನ್ನಡಕ ಸರಿಮಾಡಿಕೊಂಡು ಪೆನ್ನು ತೆಗೆದರು. ಇಂಥ ಗಾಡಿ ಹೊಳೆಗೆ ಇಳಿದು ತುಂಬಿದ ಲೋಡು ಹೊತ್ತು ದಂಡೆ ಹತ್ತಿತೆಂದರೆ ನಂಬುವುದು ಕಷ್ಟ, ಆದ್ದರಿಂದ ಲಾರಿಯನ್ನು ಬಿಡುಗಡೆ ಮಾಡಬಹುದು ಎಂದು ಬರೆಯತೊಡಗಿದರು. ಮಲ್ಲಿಕಾರ್ಜುನಯ್ಯ ಫೈಲಿಗೆ ದಾರ ಸುತ್ತಿದರು. ಬರೆಯುತ್ತಲೇ ಮ್ಯಾಜಿಸ್ಟ್ರೇಟರು ತಮಾಷೆಗೆ ಒಂದು ಮಾತು ಆಡಿದರು.

"ಏನಯ್ಯ ದುರ್ಗಯ್ಯ, ಈ ಗುಜರಿಗೋಸ್ಕರ ಇಷ್ಟು ಜನ ಬಸ್ಸು ಹತ್ತಿಕೊಂಡು ಬಂದ್ರಾ?"

ಪಂಚೆ ಭೈರಮ್ಮನ ಕೈ ಜಾರಿತು.

"ಗುಜರಿ ಅನ್‌ಬ್ಯಾಡಿ ಸ್ವಾಮಿ!" ದುರ್ಗಯ್ಯ ಕೂಗಿದ. "ಎಲ್ಲಾ ಸುಳ್ಳು! ಹತ್ ದಿನದ್ ಕೆಳಗೆ ಶಿಂಷಾದಾಗೆ ಅಚ್ಚಿನಗಂಟ ಹೂತಿತ್ತು. ಮ್ಯಾಗೆ ಭರ್ತಿ ಮರಳು. ಒಂದೇ ಒಂದ್ ಗುಟುರು ಹಾಕ್ತು ನೋಡಿ, ದಂಡೆ ಮ್ಯಾಲಿತ್ತು! ಬೇಕಾರೆ ರಂಗಕ್ಕನ್ನ ಕೇಳಿ, ಅವ್ಳ ಬಾಗ್ಲಿಗೆ ಸುರ್ದೋನು ನಾನೇಯ!"

ಟೈಪ್‌ರೈಟರು ನಿಂತಿತು. ವಕೀಲರು ಸುತ್ತಿದ ದಾರವನ್ನು ಬಿಚ್ಚಿದರು. ರಂಗಕ್ಕ ಕಂಬದ ಹಿಂದೆ ಮರೆಯಾದಳು. ಮ್ಯಾಜಿಸ್ಟ್ರೇಟರು ಬರೆದದ್ದನ್ನು ನಿಧಾನವಾಗಿ ಹೊಡೆದುಹಾಕಿ ಬೇರೆ ಬರೆದರು. ಕೇಸು ಮುಗಿಯುವವರೆಗೆ ಲಾರಿ ಠಾಣೆಯಲ್ಲೇ ಇರತಕ್ಕದ್ದು. ರಂಗಕ್ಕನ ಬಾಗಿಲ ಮರಳನ್ನೂ ಇವತ್ತೇ ತಂದು ಅದರ ಪಕ್ಕದಲ್ಲಿ ಹಾಕತಕ್ಕದ್ದು.

ಮರಳು ತರಲು ಗಾಡಿ ಬೇಕಲ್ಲ? ಊರಿನ ಲಾರಿಗಳೆಲ್ಲ ಕೊಬ್ಬರಿ ಹೇರಿಕೊಂಡು ತಿಪಟೂರಿಗೆ ಹೋಗಿದ್ದವು. ದಫೇದಾರ್ ಕೆಂಚಪ್ಪ ತಲೆ ಕೆರೆದುಕೊಂಡು, ಜಪ್ತಿಯಾದ ಲಾರಿಯ ಬೀಗದ ಕೈಯನ್ನೇ ದುರ್ಗಯ್ಯನ ಮುಂದೆ ಚಾಚಿದರು.

ಸಂಜೆಯ ಹೊತ್ತಿಗೆ ಲಾರಿ ಬಾಯ್ತುಂಬ ಮರಳು ಹೊತ್ತು ಮಾಯಸಂದ್ರದ ಏರು ಹತ್ತುತ್ತಿತ್ತು. ಕೆಂಚಪ್ಪ ಪಕ್ಕದಲ್ಲಿ ಬಿಗಿಯಾಗಿ ಕೂತಿದ್ದರು. ದುರ್ಗಯ್ಯ ಮದುವೆ ಗಂಡಿನಂತೆ ಸ್ಟೇರಿಂಗ್ ಹಿಡಿದಿದ್ದ. ದಾರಿಯಲ್ಲಿ ಎರಡು ಬಸ್ಸುಗಳನ್ನು ಹಿಂದೆ ಹಾಕಿದ. ಠಾಣೆಯ ಗೇಟಿಗೆ ಕೋಳಿಯೊಂದು ಅಡ್ಡ ಬಂದಾಗ ಬ್ರೇಕು ಒತ್ತಿದ. ಲಾರಿ ಗಕ್ಕನೆ ನಿಂತಿತು, ಕೆಂಚಪ್ಪನವರ ಟೋಪಿ ಗಾಜಿಗೆ ಬಡಿಯಿತು.

ಮರಳು ಇಳಿಸಿ, ಲಾರಿಯನ್ನು ಮತ್ತೆ ಹುಣಸೆಮರದಡಿ ನಿಲ್ಲಿಸಿ, ಬೀಗದ ಕೈ ವಾಪಸು ಕೊಟ್ಟ.

"ಗಾಡಿ ಪಸಂದಾಗದೆ ಕಣಯ್ಯ," ಎಂದರು ಕೆಂಚಪ್ಪ.

ದುರ್ಗಯ್ಯನ ಮುಖ ಅರಳಿತು. "ಅದೊಂದ್ ಮಾತ್ನ ಮಹಜರ್ನಾಗೆ ಬರ್ಕಳಿ ಸ್ವಾಮಿ," ಎಂದು ಹೇಳಿ, ಕೊನೆಯ ಬಸ್ಸು ಹಿಡಿಯಲು ಓಡಿದ.