ಹಿಕ್ಮತ್ ಬೇಯ ದನಿ

ಹಿಕ್ಮತ್ ಬೇ ಪರವಾಗಿ ಹೆಣ್ಣು ಕೇಳಬೇಕಿದ್ದ ಸೋದರಮಾವ ಇಜ್ಮಿತ್‌ನಲ್ಲಿ ರೈಲು ತಪ್ಪಿಸಿಕೊಂಡದ್ದೇ ಎಲ್ಲ ರಗಳೆಗೂ ಮೂಲ. ಇಸ್ತಾನ್‌ಬುಲ್‌ನಲ್ಲಿ ಗಂಡು ತಾನೇ ಬಾಯಿಬಿಟ್ಟು ಹೆಣ್ಣು ಕೇಳುವಂತಿಲ್ಲ, ಹಿರಿಯರೊಬ್ಬರು ಕೇಳಬೇಕು. ಇವತ್ತು ಕೇಳದಿದ್ದರೆ ಅವನು ಮೆಚ್ಚಿದ ಫೆರಿಹಾ ಬುರ್ಸಾದ ರೇಷ್ಮೆ ವ್ಯಾಪಾರಿಯ ಪಾಲು. ವಯಸ್ಸು ನಲವತ್ತು ದಾಟಿದ್ದ ಹಿಕ್ಮತ್‌ಗೆ ಇನ್ನೊಂದು ಸಂಬಂಧ ಬರುವ ಆಸೆಯಿರಲಿಲ್ಲ. ಸಿನಿಮಾ ಮಂದಿರದ ಕಿಟಕಿಯಲ್ಲಿ ಟಿಕೆಟ್ ಮಾರುತ್ತಿದ್ದ ಅವಳು ತನಗೆ ಟಿಕೆಟ್ ಕೊಡುವಾಗ ನಕ್ಕದ್ದು ಬೇರೆ ಮನಸ್ಸಿನಲ್ಲಿ ಕೂತಿತ್ತು.

ತೆರೆಯ ಮೇಲೆ ಅವನು ಮಾಡದ ಪಾತ್ರವಿರಲಿಲ್ಲ. ಕಳ್ಳ, ಪೊಲೀಸ್, ಇಮಾಮ್, ಕುರುಡ ಪಿಟೀಲುಗಾರ. ಈಚೆಗೆ ನಿರ್ದೇಶಕನೂ ಆಗಿದ್ದ. ಆದರೆ ಆಗಿನ ಚಿತ್ರಗಳಿಗೆಲ್ಲ ಮಾತು ಸೇರುತ್ತಿದ್ದದ್ದು ಆಮೇಲೆ, ಸ್ಟುಡಿಯೋದಲ್ಲಿ, ಬೇರೆಯವರ ಬಾಯಿಂದ. ಹಿಕ್ಮತ್‌ನ ತುಟಿಗೆ ಮೊದಲಿನಿಂದಲೂ ದನಿ ಕೊಟ್ಟವನು ರಾಸಿಮ್: ಕುಳ್ಳ, ಬೊಕ್ಕತಲೆ, ತಾಯಿಯೊಂದಿಗಿದ್ದ ಬ್ರಹ್ಮಚಾರಿ. ಹಿಕ್ಮತ್‌ನ ಸ್ವಂತ ದನಿಯೋ ಎಣ್ಣೆ ಕಾಣದ ಬಾಗಿಲಿನ ಕಿರುಗುಟ್ಟುವಿಕೆ.

ಹಿಕ್ಮತ್‌ನ ಬಾಡಿಗೆ ಮನೆಯೊಡತಿ ಸಫಿಯೆ ಹಾನಂ ಕರೆಯದಿದ್ದರೂ ಬಂದು ತೀರ್ಪು ಕೊಟ್ಟಳು. "ರಾಸಿಮ್‌ನ ಕರ್ಕೊಂಡು ಹೋಗು. ನಿನಗಿಂತ ದೊಡ್ಡೋನು ತಾನೆ? ನೀನು ಮಾತ್ರ ತುಟಿಪಿಟಕ್ ಅನ್ಬೇಡ. ಆ ದನಿ ಕೇಳಿದ್ರೆ ನಕಲಿ ಮನುಷ್ಯ ಅಂತ ಅಟ್ಟಿಬಿಡ್ತಾರೆ."

"ಮುಂದೆ ಅವಳಿಗೆ ಗೊತ್ತಾಗಲ್ವಾ?"

"ಮದುವೆ ಆದ್ಮೇಲೆ ಗಂಡನ ಮಾತು ಯಾರು ಕೇಳಿಸ್ಕೊತಾರಪ್ಪ?"

ಇಬ್ಬರೂ ದೋಣಿಯಲ್ಲಿ ಬಾಸ್ಫರಸ್ ಜಲಸಂಧಿ ದಾಟುವಾಗ ಮುದುಕಿಯೊಬ್ಬಳು ಹಿಕ್ಮತ್‌ನ ಮೇಲೆ ಕೊಡೆ ಎತ್ತಿಕೊಂಡು ಬಂದಳು. "ಆ ಅನಾಥ ಹುಡುಗೀನ ಬೀದಿಗೆ ತಳ್ಳಿದ ಪಾಪಿ ನೀನೇ ಅಲ್ವೇನೋ?"

"ತಾಯೀ, ಅದು ಬರೀ ಸಿನಿಮಾ," ಎಂದು ರಾಸಿಮ್ ಸಮಾಧಾನ ಹೇಳಿದ.

"ಅದೇ ದನಿ," ಎಂದಳು ಮುದುಕಿ. ದನಿ ಬಂದದ್ದು ರಾಸಿಮ್‌ನಿಂದ, ಏಟು ಬಿದ್ದದ್ದು ಹಿಕ್ಮತ್‌ಗೆ. ಮಾಡಿದ ಪಾಪಕ್ಕೂ ಮಾಡದ ಪಾಪಕ್ಕೂ ತನ್ನ ಬೆನ್ನೇ ಆಗಬೇಕೇ ಎಂದು ಅವನಿಗೆ ರೋಸಿಹೋಯಿತು.

ಫೆರಿಹಾಳ ಮನೆಯಲ್ಲಿ ಇವರನ್ನು ಕೂರಿಸಿದ ಅವಳ ಅಪ್ಪ ದಾವೂತ್ ಹಡಗಿನ ಕ್ಯಾಪ್ಟನ್ ಆಗಿದ್ದವರು. ರಾಸಿಮ್ ಗಂಟಲು ಸರಿಮಾಡಿಕೊಂಡು, "ಅಲ್ಲಾಹನ ಅಪ್ಪಣೆ, ಪ್ರವಾದಿಯವರ ಮಾತಿನ ಪ್ರಕಾರ ನಿಮ್ಮ ಮಗಳನ್ನ ನಮ್ಮ ಹುಡುಗನಿಗೆ ಕೇಳ್ತಿದೀವಿ," ಎಂದ. ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು.

"ಏನಪ್ಪ, ರಾಕಿ ಕುಡಿಯೋದುಂಟಾ?" ಎಂದು ಕ್ಯಾಪ್ಟನ್ ಹಿಕ್ಮತ್‌ನನ್ನು ಕೇಳಿದರು.

ಹಿಕ್ಮತ್ ಮರೆತು ಬಾಯಿ ತೆರೆದ. ರಾಸಿಮ್‌ನ ಕಣ್ಣು ಅಭ್ಯಾಸಬಲದಿಂದ ಆ ತುಟಿಯ ಮೇಲೇ ಇತ್ತು. "ಹಬ್ಬಕ್ಕೊಂದ್ಸಲ. ಅದೂ ಹಿರಿಯರು ಒತ್ತಾಯ ಮಾಡಿದ್ರೆ," ಎಂದುಬಿಟ್ಟ ರಾಸಿಮ್.

"ನಾನು ಕೇಳಿದ್ದು ಇವರನ್ನ," ಎಂದರು ಕ್ಯಾಪ್ಟನ್.

ಹಿಕ್ಮತ್ ಗಾಬರಿಯಿಂದ ಕೆಮ್ಮಲು ಹೊರಟ. ಕೆಮ್ಮೂ ರಾಸಿಮ್‌ನಿಂದಲೇ ಬಂತು.

"ಏನ್ರಪ್ಪ ಇದು, ನಿಮ್ಮ ನಾಟಕ?"

ಹಿಕ್ಮತ್‌ನ ತಾಳ್ಮೆ ಮುಗಿದಿತ್ತು. "ಸಾಕು ಮಾಡೋ ಮಾರಾಯ," ಎಂದು ರಾಸಿಮ್‌ನನ್ನು ಗದರಿ, ಕ್ಯಾಪ್ಟನ್ ಕಡೆ ತಿರುಗಿ ಕಿರುಗುಟ್ಟಿದ: "ನನ್ನ ದನಿ ಇದು, ಇಷ್ಟೇ. ಇಷ್ಟು ವರ್ಷ ಸಿನಿಮಾದಲ್ಲಿ ನೀವು ಕೇಳಿದ್ದೆಲ್ಲ ಇವನದು. ಒಪ್ಪಿದ್ರೆ ಒಪ್ಪಿ, ಇಲ್ಲಾಂದ್ರೆ ಎದ್ದು ಹೋಗ್ತೀನಿ."

ಕ್ಯಾಪ್ಟನ್ ಹೊಟ್ಟೆ ಹಿಡಿದುಕೊಂಡು ನಕ್ಕರು. "ಕೂತ್ಕೊ. ನಿಜ ಹೇಳೋ ಗಂಡು ಸಿಗೋದೇ ಕಷ್ಟ, ರೇಷ್ಮೆಯವನು ಹಾಳಾಗಿ ಹೋಗ್ಲಿ. ನನ್ನ ಒಪ್ಪಿಗೆ ಇದೆ. ಅವಳ ಮನಸ್ಸೇನು ಅಂತ ಕಾಫಿನೇ ಹೇಳುತ್ತೆ."

ತಾನು ಒಪ್ಪಿದ ಗಂಡಿನ ಕಾಫಿಗೆ ಹುಡುಗಿ ಉಪ್ಪು ಸುರಿಯುವುದು ಅಲ್ಲಿನ ವಾಡಿಕೆ, ಅವನು ಮುಖ ಕಿವುಚದೆ ಕುಡಿಯಬೇಕು. ಫೆರಿಹಾ ತಟ್ಟೆ ತಂದು ಎಲ್ಲರಿಗೂ ಕೊಟ್ಟಳು. ಹಿಕ್ಮತ್ ತಾನು ಕಲಿತ ನಟನೆಯನ್ನೆಲ್ಲ ಮುಖಕ್ಕೆ ತಂದುಕೊಂಡು, ಉಪ್ಪಿಗೆ ಸಿದ್ಧನಾಗಿ ದೊಡ್ಡ ಗುಟುಕೊಂದನ್ನು ಎಳೆದ. ಕಾಫಿ ಬೆಲ್ಲದ ಪಾನಕದಷ್ಟು ಸಿಹಿಯಾಗಿತ್ತು.

"ಉಪ್ಪು ಮರೆತ್ಯೇನಮ್ಮ?" ಅವನ ಮುಖ ನೋಡಿ ಕ್ಯಾಪ್ಟನ್ ಮಗಳನ್ನು ಕೇಳಿದರು.

"ಮರೆತಿಲ್ಲ ಅಪ್ಪ," ಎಂದಳು ಫೆರಿಹಾ, ಸೆರಗಿಲ್ಲದ್ದರಿಂದ ನಾಚಿಕೆಯನ್ನು ತಟ್ಟೆಯಿಂದಲೇ ಮರೆಮಾಡಿಕೊಂಡು. "ಟಿಕೆಟ್ ಕಿಟಕೀಲಿ ಕೂತೋಳಿಗೆ ತೆರೆ ಎಲ್ಲಿ ಕಾಣುತ್ತೆ? ಇಷ್ಟು ವರ್ಷ ಗೋಡೆಯಾಚೆಯಿಂದ ದನಿ ಕೇಳಿದ್ದಷ್ಟೇ. ಅದು ಯಾರದು ಅಂತ ಇವತ್ತು ಗೊತ್ತಾಯ್ತು."

ಎದುರು ಕುರ್ಚಿಯಲ್ಲಿ ರಾಸಿಮ್ ಮುಖ ಕಿವುಚದೆ ಕಾಫಿ ಕಪ್ಪು ಬರಿದು ಮಾಡಿ, ಕಣ್ಣಲ್ಲಿ ನೀರು ತುಂಬಿಕೊಂಡು ಕೂತಿದ್ದ.

ಹಿಕ್ಮತ್ ಏನೋ ಹೇಳಲು ಬಾಯಿ ತೆರೆದ.

"ತುಂಬಾ ಚೆನ್ನಾಗಿದೆ," ಎಂದ ರಾಸಿಮ್.