ಕಾಕಾ 'ರಿ' ಅಂದರೆ ಮುಗಿಯಿತು!

ನಮ್ಮ ಕಾಕಾ ಯಾರಿಗಾದರೂ ಮರ್ಯಾದೆ ಕೊಟ್ಟರೆ ಅವರ ಕಥೆ ಮುಗಿಯಿತೆಂದೇ ಲೆಕ್ಕ! ಗದಗಿನ ಪ್ರಿಂಟಿಂಗ್ ಪ್ರೆಸ್ಸೊಂದರಲ್ಲಿ ಎಂಟು ಜನರ ಮೇಲೆ ಮ್ಯಾನೇಜರ್ ಅವರು. ಖುಷಿಯಲ್ಲಿದ್ದರೆ ಎಲ್ಲರಿಗೂ 'ಲೇ'. ಸಿಟ್ಟು ಬಂದರೆ ಮಾತ್ರ 'ರಿ'. ನಾನೊಬ್ಬಳು ಹುಟ್ಟಿದಾಗಿನಿಂದ ಬರೀ 'ಯವ್ವಾ'.

ನಾನು ನಮ್ಮ ಆಫೀಸಿನಲ್ಲಿ ಆರು ಜನರ ಟೀಮ್ ಲೀಡರ್ ಆದ ಹೊಸತು. ಒಬ್ಬರಾದರೂ ಮಾತು ಕೇಳಬೇಕಲ್ಲ! ಎರಡು ದಿನದ ತರಬೇತಿ ಮುಗಿಸಿ, ದಪ್ಪ ಫೈಲು ಹೊತ್ತು ನೇರ ಪ್ರೆಸ್ಸಿಗೆ ಹೋದೆ.

"ಕಾಕಾ, ಮಂದೀನ್ನ ಸಂಭಾಳಿಸಾಕ ನಿಮ್ಮ ಮೆಥಡ್ ಯಾವುದರಿ?"

"ಮೆಥಡ್ಡಾ? ಅಂಥಾ ಮಷಿನ್ ನಮ್ಮಲ್ಲಿ ಇಲ್ಲ ಯವ್ವಾ!"

ಅಷ್ಟರಲ್ಲಿ ಗಿರಾಕಿಯೊಬ್ಬ ಮಗನ ಲಗ್ನಪತ್ರಿಕೆ ಹಿಡಿದು ಬೆವರುತ್ತ ಬಂದ. ಮದುಮಗಳಿಗಿರಬೇಕಾದ 'ಚಿ. ಕುಂ. ಸೌ.' ಮದುಮಗನ ಹೆಸರಿಗೆ ಅಂಟಿತ್ತು! ಮೀಸೆ ಹೊತ್ತ ಗಂಡು ಕುಂಕುಮ ಸೌಭಾಗ್ಯವತಿ! ನಾನು ಫೈಲಿನ ಹಿಂದೆ ಮುಖ ಮುಚ್ಚಿಕೊಂಡು ನಕ್ಕೆ. ಕಾಕಾ ನಗಲಿಲ್ಲ. ಅಕ್ಷರ ಕೂಡಿಸುವ ಬಸ್ಯಾನ ಕಡೆ ತಿರುಗಿದರು.

"ಬಸಪ್ಪನವರ, ಬರ್ರಿ. ಕುಂಡ್ರಿ."

ಇಪ್ಪತ್ತು ವರ್ಷ 'ಬಸ್ಯಾ' ಆಗಿದ್ದವನು ಕೂರುತ್ತಾನೆಯೇ? ಬುತ್ತಿ ಡಬ್ಬಿ ಎತ್ತಿಕೊಂಡು ತನ್ನೂರು ಹರ್ತಿಯ ಬಸ್ಸು ಹತ್ತಿದ. ಪತ್ರಿಕೆಯನ್ನೇನೋ ಸಂಜೆಯೊಳಗೆ ಉಳಿದವರು ಬೇರೆ ಅಚ್ಚು ಹಾಕಿದರು. ಬಸ್ಯಾ ಮಾತ್ರ ಮೂರು ದಿನ ಬರಲಿಲ್ಲ. ಶಿರಹಟ್ಟಿಯ ಪ್ರೆಸ್ಸಿಗೆ ಸೇರುತ್ತಾನಂತೆ ಎಂಬ ಖಬರು ಬಂತು. ಕಾಕಾಗೆ ಊಟವೇ ಸೇರಲಿಲ್ಲ.

ನಾಲ್ಕನೆಯ ದಿನ ಬೆಳಿಗ್ಗೆ ನನ್ನ ಸ್ಕೂಟರಿನ ಹಿಂದೆ ಕುಳಿತು ಹರ್ತಿಗೆ ಹೊರಟರು.

"ಬರ್ರಿ ಮ್ಯಾನೇಜರ್ ಸಾಹೇಬ್ರ, ಕುಂಡ್ರಿ," ಅಂದ ಬಸ್ಯಾ. ಇಷ್ಟು ವರ್ಷ 'ಅಣ್ಣಾರ' ಎನ್ನುತ್ತಿದ್ದವನು! ಕಾಕಾನ ಔಷಧ ಕಾಕಾಗೇ!

ಕಾಕಾ ಕೂರಲಿಲ್ಲ. ಜೇಬಿನಿಂದ ಪತ್ರಿಕೆಯ ಪ್ರೂಫ್ ತೆಗೆದು ಬಿಡಿಸಿದರು. ಕೆಳಗೆ 'ಸರಿ ಇದೆ' ಎಂದು ಬರೆದು ಸಹಿ ಹಾಕಿದ್ದವರು ಅವರೇ.

"ತಪ್ಪು ನಂದಲೇ ಬಸ್ಯಾ. ನೋಡಿ ಸಹಿ ಮಾಡಿದಾಂವ ನಾನು. ಗಿರಾಕಿಗೂ ಹೇಳೇನಿ, ಪ್ರೆಸ್ಸಿನ್ಯಾಗ ಎಲ್ಲಾರ ಮುಂದನೂ ಹೇಳೇನಿ."

ಬಸ್ಯಾ ಮೂಗೊರೆಸಿಕೊಂಡ. "'ಲೇ' ಅಂದ್ರಲ್ಲ ಅಣ್ಣಾರ, ಸಾಕು. ಚಾ ಕುಡೀರಿ. ಮುಂದಿನ ಬಸ್ಸಿಗೇ ಬರ್ತೀನಿ."

ಇವರು ನಮ್ಮ ಕಾಕಾ ಎಂದು ಹರ್ತಿಯ ಓಣಿಯಲ್ಲೆಲ್ಲ ಕೂಗಿ ಹೇಳಬೇಕೆನಿಸಿತು ನನಗೆ.

ವಾಪಸು ಬರುವಾಗ ಕಾಕಾ ಹಿಂದಿನಿಂದ ಕೇಳಿದರು. "ನಿನ್ನ ಟೀಮಿನ್ಯಾಗ ತಪ್ಪಾದ್ರ, ಮೊದಲ ಯಾರದು ಅನ್ನಬೇಕು?"

"ನಂದು ಅನ್ನಬೇಕು ಕಾಕಾ."

"ಶಾಬಾಸ್‌ಲೇ!"

ನನಗೆ! ಜೀವನದಲ್ಲಿ ಮೊದಲ 'ಲೇ'! ಸ್ಕೂಟರ್ ನಿಲ್ಲಿಸಲೇಬೇಕಾಯಿತು.

"ಯಾಕಲೇ, ಕಣ್ಣಾಗ ಧೂಳ ಬಿತ್ತೇನು?"

"ಹೌದರಿ ಕಾಕಾ," ಅಂದೆ.